ಎಲುಬಿನ ಜಾತಿ ನೋಡಿ ಎಕ್ಸ್‌ರೇ ತೆಗೆಯುವುದು: ನನ್ನ ಅನುಭವ

ನಾನು ಬದಿಯಡ್ಕ ಕಡೆ ಒಂದು ಸಣ್ಣ ಆಸ್ಪತ್ರೆಯಲ್ಲಿ ಎಕ್ಸ್‌ರೇ ಟೆಕ್ನೀಷಿಯನ್. ಉದ್ದ, ಗಿಡ್ಡ, ಚಪ್ಪಟೆ, ಅಡ್ಡಾದಿಡ್ಡಿ, ಮತ್ತೆ ಸೆಸಮಾಯ್ಡ್ (ಕಂಡರದ ಒಳಗೆ ಕೂತಿರುವಂಥದ್ದು; ಕಂಡರ ಅಂದ್ರೆ ಸ್ನಾಯುವನ್ನು ಎಲುಬಿಗೆ ಕಟ್ಟುವ ಹಗ್ಗದ ಹಾಗಿನದ್ದು) ಅಂತ ಎಲುಬಿನ ಐದು ಜಾತಿ ಶಾಲೆಯಲ್ಲಿ ಬಾಯಿಪಾಠ ಮಾಡಿ ಎಲ್ಲರೂ ಮರ್ತಿರ್ತಾರೆ, ನನಗೆ ಮರೀಲಿಕ್ಕೆ ಆಗುದಿಲ್ಲ, ಯಾಕಂದ್ರೆ ಪೇಷಂಟನ್ನು ಹೇಗೆ ಮಲಗಿಸ್ಬೇಕು, ಯಾವ ಕಡೆಯಿಂದ ತೆಗೀಬೇಕು ಅಂತ ಅದನ್ನು ನೋಡಿಯೇ ತೀರ್ಮಾನ ಮಾಡುದು.

ಉದ್ದ ಎಲುಬು ಅಂದ್ರೆ ತೊಡೆಯದ್ದು, ತೋಳಿನದ್ದು ಮಾತ್ರ ಅಲ್ಲ, ಬೆರಳಿನ ಪುಟ್ಟ ಎಲುಬೂ ಅದೇ ಜಾತಿ. ನಡುವೆ ದಂಡು, ಎರಡು ಕಡೆ ತಲೆ ಇದ್ರೆ ಆಯ್ತು. ಇದಕ್ಕೆ ನನ್ನ ಕ್ರಮ: ಎದುರಿಂದ ಒಂದು, ಬದಿಯಿಂದ ಒಂದು, ಎರಡೂ ತುದಿಯ ಸಂದು ಫಿಲ್ಮಲ್ಲಿ ಬರ್ಲೇಬೇಕು. ಮುಂಗೈಯಲ್ಲಿ ಒಂದು ಎಲುಬು ಮುರಿದು, ಅದರ ಜೊತೆಯದ್ದು ಮೊಣಗಂಟಲ್ಲೋ ಮಣಿಕಟ್ಟಲ್ಲೋ ಜಾರಿರುದು ಉಂಟು.

ನಮ್ಮಲ್ಲಿ ಹೆಚ್ಚು ತಲೆಬಿಸಿ ಅಡಿಕೆ ಮರದ್ದು. ಕೊನೆ (ಅಡಿಕೆ ಗೊಂಚಲು) ತೆಗೀಲಿಕ್ಕೆ, ಮಳೆಗಾಲದಲ್ಲಿ ಕೊಳೆರೋಗಕ್ಕೆ ಬೋರ್ಡೋ ಮದ್ದು ಬಿಡ್ಲಿಕ್ಕೆ ಹತ್ತಿದವರು ಜಾರಿ ಬಿದ್ದು ಬರ್ತಾರೆ. ಕಾಲೂರಿ ಬಿದ್ರೆ ಮೊದಲು ಪೆಟ್ಟು ಹಿಮ್ಮಡಿಗೆ. ಅದು ಗಿಡ್ಡ ಜಾತಿ, ಹೊರಗೆ ತೆಳು ಗಟ್ಟಿ ಪದರ, ಒಳಗೆಲ್ಲ ಸ್ಪಂಜಿನ ಹಾಗೆ. ದಿನಾ ಭಾರ ತಡೀಲಿಕ್ಕೆ ಅದು ಒಳ್ಳೇದೇ, ಆದ್ರೆ ಎತ್ತರದಿಂದ ಬಿದ್ರೆ ಜಜ್ಜಿ ಹೋಗ್ತದೆ. ಅಲ್ಲಿಗೆ ಮುಗೀಲಿಲ್ಲ ಮಾರಾಯ್ರೆ, ಅದೇ ಪೆಟ್ಟು ಕಾಲಿನ ಮೂಲಕ ಮೇಲೆ ಹೋಗಿ ಸೊಂಟದ ಹತ್ರದ ಬೆನ್ನೆಲುಬನ್ನೂ ಕುಸಿಸುದುಂಟು, ಹಿಮ್ಮಡಿ ನೋವಿನ ಎದುರು ಆ ಜನಕ್ಕೆ ಬೆನ್ನು ನೋವು ಗೊತ್ತೇ ಆಗುದಿಲ್ಲ. ಬೆನ್ನೆಲುಬಿನ ಒಂದೊಂದು ಮಣಿ ಅಡ್ಡಾದಿಡ್ಡಿ ಜಾತಿ: ಎದುರಿನ ದಪ್ಪ ಭಾಗ ಭಾರ ಹೊರ್ತದೆ, ಹಿಂದಿನ ಕಮಾನು ಬೆನ್ನುಹುರಿ ಕಾಯ್ತದೆ, ಮುಳ್ಳಿನಂಥ ಚಾಚುಗಳಿಗೆ ಸ್ನಾಯು ಅಂಟಿರ್ತದೆ. ಹಾಗಾಗಿ ಮರದಿಂದ ಬಿದ್ದವರನ್ನು ನಾನು ಎದ್ದು ಕೂರ್ಲಿಕ್ಕೇ ಬಿಡುದಿಲ್ಲ, ಸ್ಟ್ರೆಚರಿಂದ ಮೈ ತಿರುಚದೆ ಒಟ್ಟಿಗೇ ಮೇಜಿಗೆ ಜಾರಿಸಿ, ಚೀಟಿಯಲ್ಲಿ ಹಿಮ್ಮಡಿ ಮಾತ್ರ ಬರ್ದಿದ್ರೆ ಡಾಕ್ಟರತ್ರ ಬೆನ್ನಿಂದೂ ಬೇಡ್ವಾ ಅಂತ ಕೇಳ್ತೇನೆ.

ಮಕ್ಕಳದ್ದು ಬೇರೆಯೇ ಕತೆ. ದೊಡ್ಡವರಿಗೆ 206 ಎಲುಬು, ಹುಟ್ಟುವಾಗ ಸುಮಾರು 300, ಆಮೇಲೆ ಕೂಡಿಕೊಂಡು ಹೋಗುದು. ಕೈ ಫಿಲ್ಮ್ ನೋಡಿ ಅಪ್ಪ ಅಮ್ಮ "ಅಯ್ಯೋ ತುದಿ ತುಂಡಾಗಿದೆಯಲ್ಲ" ಅಂತ ಹೆದ್ರಿಕೊಳ್ತಾರೆ, ಅದು ತುಂಡಾದ್ದಲ್ಲ, ಎಲುಬು ಉದ್ದ ಆಗುವ ಜಾಗ, ಅಲ್ಲಿ ಇನ್ನೂ ಮೃದ್ವಸ್ಥಿ ಉಂಟು, ಕ್ಯಾಲ್ಸಿಯಂ ತುಂಬದ್ದು ಎಕ್ಸ್‌ರೇಯಲ್ಲಿ ಬಿಳಿ ಕಾಣುದಿಲ್ಲ. ಮಣಿಕಟ್ಟಿನ ಎಂಟು ಗಿಡ್ಡ ಎಲುಬೂ ಹಾಗೆಯೇ, ಹುಟ್ಟಿದ ಮಗುವಿಗೆ ಒಂದೂ ಕಾಣುದಿಲ್ಲ, ವರ್ಷ ಹೋದ ಹಾಗೆ ಒಂದೊಂದೇ ಬರ್ತದೆ. ಡಾಕ್ಟರಿಗೆ ಸಂಶಯ ಇದ್ರೆ ಇನ್ನೊಂದು ಕೈಯದ್ದೂ ತೆಗ್ದು ಹೋಲಿಸ್ತಾರೆ.

ಚಪ್ಪಟೆ ಜಾತಿಯಲ್ಲಿ ಎದೆ ಮಧ್ಯದ ಎಲುಬು ಎದುರಿಂದ ತೆಗೆದ್ರೆ ಬೆನ್ನೆಲುಬಿನ ನೆರಳಲ್ಲಿ ಮುಚ್ಚಿ ಹೋಗ್ತದೆ, ಬದಿಯಿಂದಲೋ ಓರೆಯಾಗಿಯೋ ತೆಗೀಬೇಕು. ಹೃದಯಕ್ಕೆ ಕವಚ, ಒಳಗೆ ರಕ್ತಕಣ ಹುಟ್ಟುವ ಕೆಂಪು ಮಜ್ಜೆ, ಎರಡೂ ಅದೇ.

ಸೆಸಮಾಯ್ಡಲ್ಲಿ ದೊಡ್ಡದು ಮೊಣಕಾಲ ಚಿಪ್ಪು. ತೊಡೆ ಸ್ನಾಯುವಿನ ಕಂಡರದ ಒಳಗೇ ಕೂತು ಕಾಲು ಚಾಚುವಾಗ ಎಳೆತಕ್ಕೆ ಬಲ ಕೊಡ್ತದೆ. ಇದರ ಒಂದು ಫಿಲ್ಮಿಗೆ ಮೊಣಕಾಲು ಮಡಿಸ್ಬೇಕು, ಆದ್ರೆ ಬಿದ್ದು ಬಂದವರಿಗೆ ನಾನು ಮೊದಲೇ ಮಡಿಸುದಿಲ್ಲ. ಬದಿಯದ್ದು ತೆಗ್ದು ಡಾಕ್ಟರಿಗೆ ತೋರಿಸಿ ಆಮೇಲೆ. ಬರೀ ಬಿರುಕು ಇದ್ದದ್ದನ್ನು ಮಡಿಸಿದ್ರೆ ಆ ಸ್ನಾಯುವೇ ಎಳೆದು ಎರಡು ತುಂಡು ಮಾಡೀತು.