ನಕಲು ಪ್ರತಿಯ ಬೆನ್ನು ಹತ್ತಿದ ನಾಲ್ಕು ದಿನಗಳು

ಸಣ್ಣ ಬಂಡವಾಳದ ಕನ್ನಡ ಚಿತ್ರಕ್ಕೆ ಬಾಯಿಮಾತಿನ ಪ್ರಚಾರವೇ ಜೀವಾಳ. ಆ ಮಾತು ಊರೂರಿಗೆ ಹಬ್ಬಿ ಎರಡನೆಯ ವಾರ ಜನ ಚಿತ್ರಮಂದಿರದತ್ತ ಹೊರಡುವಷ್ಟರಲ್ಲಿ ಕದ್ದ ಪ್ರತಿ ಅವರ ಮೊಬೈಲಿಗೇ ಬಂದಿದ್ದರೆ ನಿರ್ಮಾಪಕನಿಗೆ ಉಳಿಯುವುದು ಸಾಲವೊಂದೇ. ನನ್ನ ಮೊದಲ ಚಿತ್ರಕ್ಕೆ ಹಾಗೆಯೇ ಆಯಿತು. ಎರಡನೆಯದಕ್ಕೆ ಬಿಡುಗಡೆಗೆ ಒಂದು ತಿಂಗಳು ಮೊದಲೇ ಸಿದ್ಧನಾದೆ.

ಡಬ್ಬಿಂಗ್, ಹಿನ್ನೆಲೆ ಸಂಗೀತ, ಸಬ್‌ಟೈಟಲ್ ಕೆಲಸಗಳಿಗೆ ಕೊಟ್ಟ ಪ್ರತಿಗಳಲ್ಲಿ ಆಯಾ ವ್ಯಕ್ತಿಯ ಹೆಸರು ಪರದೆಯ ನಡುವೆ ಕಾಣುವಂತೆ ಹಾಕಿಸಿದೆ. "ನಮ್ಮ ಮೇಲೇ ಅನುಮಾನವೇ ಸರ್?" ಎಂದು ಸಂಗೀತದ ಗೆಳೆಯರು ನೊಂದುಕೊಂಡರು, ನನ್ನ ಪ್ರತಿಯ ಮೇಲೆ ನನ್ನ ಹೆಸರೂ ಇರುವುದನ್ನು ತೋರಿಸಿದ ಮೇಲೆ ಸಮಾಧಾನಗೊಂಡರು. ಸೆನ್ಸಾರ್ ಪ್ರಮಾಣಪತ್ರ, ಹಕ್ಕುಗಳ ಒಪ್ಪಂದ ಮತ್ತು ದೂರಿನ ಕರಡು ಒಂದೇ ಕಡತದಲ್ಲಿದ್ದವು. ಕೃತಿಸ್ವಾಮ್ಯ ನಿಯಮಗಳ ಪ್ರಕಾರ ಸರಿಯಾದ ದೂರು ತಲುಪಿದ 36 ಗಂಟೆಗಳೊಳಗೆ ಜಾಲತಾಣದವರು ಆ ಪ್ರತಿಯನ್ನು ತಡೆಯಬೇಕು. ಆದರೆ 21 ದಿನಗಳೊಳಗೆ ನ್ಯಾಯಾಲಯದ ಆದೇಶ ಒದಗಿಸದಿದ್ದರೆ ಅವರು ಅದನ್ನು ಮತ್ತೆ ತೆರೆಯಬಹುದು. ಈ ಎರಡನೆಯ ಭಾಗವನ್ನು ಮರೆತೇ ಮೊದಲ ಸಲ ಕೆಟ್ಟಿದ್ದೆ.

ಶುಕ್ರವಾರ ಚಿತ್ರ ತೆರೆಕಂಡಿತು. ಶನಿವಾರ ರಾತ್ರಿಯೇ ಟೆಲಿಗ್ರಾಂನಲ್ಲಿ ಲಿಂಕ್ ಸಿಕ್ಕಿತು. ನಾಲ್ವರು ಸರದಿಯ ಮೇಲೆ ಕುಳಿತು ಪ್ರತಿ ಲಿಂಕಿನ ವಿಳಾಸ, ಸಮಯ, ಪೂರ್ಣ ಪರದೆಯ ಚಿತ್ರ ದಾಖಲಿಸಿ ದೂರು ಕಳುಹಿಸಿದೆವು. ಒಂದನ್ನು ತೆಗೆಸಿದರೆ ಬೇರೆ ಹೆಸರಿನ ಚಾನೆಲ್‌ನಲ್ಲಿ ಎರಡು ಹುಟ್ಟುತ್ತಿದ್ದವು. ಭಾನುವಾರ ಬೆಳಗಿನ ಜಾವ ನಮ್ಮ ಸಂಕಲನಕಾರ ಗಮನಿಸಿದ ಒಂದು ಸಂಗತಿ ದಾರಿ ತೋರಿತು: ಎಲ್ಲ ಪ್ರತಿಗಳಲ್ಲೂ ಎರಡನೆಯ ಹಾಡಿನ ಅದೇ ಸಾಲಿಗೆ ಅದೇ ಪ್ರೇಕ್ಷಕನ ತಲೆ ಪರದೆಗೆ ಅಡ್ಡ ಬರುತ್ತಿತ್ತು. ಅಂದರೆ ಹರಿದಾಡುತ್ತಿದ್ದುದು ಒಂದೇ ಕಡತ, ಚಿತ್ರೀಕರಿಸಿದ್ದು ಒಂದೇ ಚಿತ್ರಮಂದಿರದಲ್ಲಿ.

ಡಿಜಿಟಲ್ ಪ್ರದರ್ಶನದ ಉಪಕರಣವು ಚಿತ್ರದಲ್ಲೂ ಧ್ವನಿಯಲ್ಲೂ ಕಣ್ಣಿಗೆ ಕಾಣದ, ಕಿವಿಗೆ ಕೇಳದ ಗುರುತೊಂದನ್ನು ಬೆರೆಸುತ್ತದೆ. ಯಾವ ಉಪಕರಣ, ಯಾವ ದಿನ, ಯಾವ ಹೊತ್ತು ಎಂಬುದು ಅದರಲ್ಲಿ ಅಡಗಿರುತ್ತದೆ. ಕದ್ದ ಪ್ರತಿಯ ತುಣುಕನ್ನು ಪರೀಕ್ಷೆಗೆ ಕಳುಹಿಸಿದಾಗ ನೆರೆರಾಜ್ಯದ ಒಂದು ಚಿತ್ರಮಂದಿರದ ಶುಕ್ರವಾರ ರಾತ್ರಿಯ ಪ್ರದರ್ಶನ ಪತ್ತೆಯಾಯಿತು. ಮಂಗಳವಾರ ಪೊಲೀಸರಿಗೆ ದೂರು ಕೊಟ್ಟೆ. 2023ರ ಸಿನಿಮಾಟೋಗ್ರಾಫ್ ತಿದ್ದುಪಡಿಯಂತೆ ಇಂಥ ಅಪರಾಧಕ್ಕೆ ಕನಿಷ್ಠ 3 ತಿಂಗಳು ಜೈಲು, 3 ಲಕ್ಷ ರೂಪಾಯಿ ದಂಡವಿದೆ. ಜೈಲು 3 ವರ್ಷದವರೆಗೆ, ದಂಡ ನಿರ್ಮಾಣ ವೆಚ್ಚದ ಶೇ 5ರವರೆಗೆ ಏರಬಹುದು. ಆ ಚಿತ್ರಮಂದಿರದಲ್ಲಿ ಪ್ರದರ್ಶನ ನಿಲ್ಲಿಸಿದೆ. ಹೊಸ ಪ್ರತಿ ಹೊರಬರಲಿಲ್ಲ. ಹಳೆಯದನ್ನು ಮಾತ್ರ ತೆಗೆಸುತ್ತಲೇ ಇದ್ದೆವು.

ಲಿಂಕ್ ಹಂಚಿದ್ದ ಹುಡುಗನೊಬ್ಬನಿಗೆ ನಾನೇ ಸಂದೇಶ ಕಳುಹಿಸಿದ್ದೆ. "ನಮ್ಮೂರ ಟಾಕೀಸು ಮುಚ್ಚಿದೆ ಸರ್, ನೋಡಬೇಕೆಂದರೆ ಎಲ್ಲಿಗೆ ಹೋಗಲಿ?" ಎಂದು ಬರೆದ. ಆ ಪ್ರಶ್ನೆಗೆ ದೂರಿನ ಕರಡಿನಲ್ಲಿ ಉತ್ತರವಿರಲಿಲ್ಲ. ಮೂರನೆಯ ವಾರ ಅವನ ಊರಿನ ಸಮುದಾಯ ಭವನದಲ್ಲಿ ಅನುಮತಿ ಪಡೆದು ಎರಡು ಪ್ರದರ್ಶನ ಏರ್ಪಡಿಸಿದೆವು. ಬಾಗಿಲಲ್ಲಿ ನಿಂತು ಟಿಕೆಟ್ ಹರಿದವನು ಅವನೇ.