ಇಜಾಕ್ ಅವರ ಹಸಿರು ಬಣ್ಣವನ್ನು ಬೆಂಗಳೂರಲ್ಲಿ ಕಲಿಯೋದು ಹೇಗೆ?

ಕ್ಯಾಮೆರಾ ಕೆಲಸ ಕಲಿಯೋ ಆಸೆ ಇದ್ದರೆ ಪೋಲೆಂಡಿನ ಛಾಯಾಗ್ರಾಹಕ ಸ್ವಾವೊಮಿರ್ ಇಜಾಕ್ ಅವರ ಸಿನಿಮಾಗಳನ್ನು ಬಿಡುಗಡೆಯಾದ ಕ್ರಮದಲ್ಲೇ ನೋಡಿ. 1988ರ ‘ಎ ಶಾರ್ಟ್ ಫಿಲ್ಮ್ ಅಬೌಟ್ ಕಿಲ್ಲಿಂಗ್’ನಿಂದ ಶುರು ಮಾಡಿ. ಹಸಿರು ಫಿಲ್ಟರ್ ಹಾಕಿ, ಫ್ರೇಮಿನ ಅಂಚು ಕಪ್ಪಾಗಿಸಿ, ಇಡೀ ವಾರ್ಸಾ ನಗರಕ್ಕೇ ಕಾಯಿಲೆ ಬಂದ ಹಾಗೆ ತೋರಿಸಿದ್ದಾರೆ. 1991ರ ‘ದ ಡಬಲ್ ಲೈಫ್ ಆಫ್ ವೆರೋನಿಕ್’ನಲ್ಲಿ ಬೆಚ್ಚನೆ ಹೊಂಬಣ್ಣ. 2001ರ ‘ಬ್ಲ್ಯಾಕ್ ಹಾಕ್ ಡೌನ್’ಗೆ ಆಸ್ಕರ್ ನಾಮನಿರ್ದೇಶನ ಬಂತು, ಆದ್ರೆ ನನಗೆ ಮೊದಲನೆಯದೇ ದೊಡ್ಡ ಪಾಠ.

ಈಗ ನೀವೂ ಮಾಡಿ. ಅವೆನ್ಯೂ ರೋಡಲ್ಲಿ ಹಸಿರು ಜಿಲೆಟಿನ್ ಪೇಪರ್ ತಗೊಂಡು ಬೆಳಿಗ್ಗೆ ಕೆ.ಆರ್. ಮಾರ್ಕೆಟ್ಟಿಗೆ ಹೋಗಿ. ಫೋನಿನ ಪ್ರೊ ಮೋಡಲ್ಲಿ ವೈಟ್ ಬ್ಯಾಲೆನ್ಸ್ ಲಾಕ್ ಮಾಡಲೇಬೇಕು, ಇಲ್ಲಾಂದ್ರೆ ಫೋನು ಬಣ್ಣ ಸರಿಮಾಡ್ತೀನಿ ಅಂತ ಹೋಗಿ ನಿಮ್ಮ ಹಸಿರನ್ನೇ ಅಳಿಸಿಬಿಡುತ್ತೆ. ಪೇಪರಿನ ನಡುವೆ ತೂತು ಮಾಡಿ, ಲೆನ್ಸಿಗೆ ಅಂಟಿಸದೆ ಎರಡು ಬೆರಳಗಲ ಮುಂದೆ ಹಿಡಿಯಿರಿ. ಹೂ ಮಾರುವ ಅಜ್ಜಿಯನ್ನು ಕೇಳಿಯೇ ತೆಗೆಯಿರಿ, ಸುಮ್ನೆ ಫೋನ್ ಎತ್ತಬೇಡಿ. ಅಜ್ಜಿ ಮುಖ ಮಾತ್ರ ತೂತಿನೊಳಗೆ ಬರಲಿ, ಸುತ್ತಲಿನ ಚೆಂಡುಹೂ ಮಂಕಾಗುತ್ತೆ. ಹಸಿರು ಪೇಪರ್ ಬೆಳಕನ್ನೂ ತಿನ್ನುತ್ತೆ, ಹಾಗಾಗಿ ಎಕ್ಸ್‌ಪೋಷರ್ (ಫೋಟೋಗೆ ಸಿಗುವ ಬೆಳಕು) ಸ್ವಲ್ಪ ಜಾಸ್ತಿ ಮಾಡಿ. ಪೇಪರ್ ತೆಗೆದು ಅದೇ ಫ್ರೇಮನ್ನು ಇನ್ನೊಮ್ಮೆ ತೆಗೆದು, ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿ.