ಸ್ಕೋಲಿಯೋಸಿಸ್ ಸರ್ಜರಿಯಲ್ಲಿ ನರ ಮಾನಿಟರಿಂಗ್: ಸೂಜಿ ಚುಚ್ಚುವುದರಿಂದ ಅಲಾರಂ ತನಕ

ಪಕ್ಕಕ್ಕೆ ಬಾಗಿ ತಿರುಚಿಕೊಂಡ ಬೆನ್ನೆಲುಬನ್ನು ಸ್ಕ್ರೂ, ರಾಡ್ ಹಾಕಿ ನೆಟ್ಟಗೆ ಮಾಡುವಾಗ ಒಳಗಿನ ಬೆನ್ನುಹುರಿಯೂ ಎಳೆತಕ್ಕೆ ಸಿಗುತ್ತದೆ, ಅದಕ್ಕೆ ರಕ್ತ ಕೊಡುವ ಸಣ್ಣ ನಾಳಗಳೂ ಸಿಗುತ್ತವೆ. ರೋಗಿ ಕವುಚಿ ಮಲಗಿ ಅರಿವಳಿಕೆಯಲ್ಲಿರುವುದರಿಂದ ಕಾಲು ಆಡುತ್ತಿದೆಯೇ ಎಂದು ಕೇಳುವ ಹಾಗಿಲ್ಲ. ಆ ಪ್ರಶ್ನೆಯನ್ನು ವಿದ್ಯುತ್ತಿನಿಂದ ಮತ್ತೆ ಮತ್ತೆ ಕೇಳುವುದೇ ನಮ್ಮ ಕೆಲಸ. ಈ ಬರಹ ಹೊಸ ಟೆಕ್ನಾಲಜಿಸ್ಟ್‌ಗಳಿಗೆ ಮತ್ತು ಅವರ ಜೊತೆ ಓಟಿಯಲ್ಲಿ ನಿಲ್ಲುವ ಅನಸ್ತೀಶಿಯಾ ರೆಸಿಡೆಂಟ್‌ಗಳಿಗೆ. ಅಂತಿಮ ಅರ್ಥ ಹೇಳುವ ಹೊಣೆ ಮೇಲ್ವಿಚಾರಣೆಯ ವೈದ್ಯರದ್ದೇ.

ಸಿಗ್ನಲ್ ಎರಡು ಬೇಕು. ಎಸ್‌ಎಸ್‌ಇಪಿಯಲ್ಲಿ ಹಿಮ್ಮಡಿಯ ಹತ್ತಿರದ ನರಕ್ಕೆ ಕರೆಂಟ್ ಕೊಟ್ಟು ತಲೆಯ ಮೇಲೆ ಉತ್ತರ ಹಿಡಿಯುತ್ತೇವೆ. ಅದು ಬೆನ್ನುಹುರಿಯ ಹಿಂಭಾಗದ ಸಂವೇದನೆಯ ಹಾದಿಯನ್ನು ಮಾತ್ರ ನೋಡುತ್ತದೆ. ಎಂಇಪಿಯಲ್ಲಿ ತಲೆಗೆ ಕರೆಂಟ್ ಕೊಟ್ಟು ಕಾಲಿನ ಸ್ನಾಯುವಿನಲ್ಲಿ ಉತ್ತರ ನೋಡುತ್ತೇವೆ. ಇದು ಚಲನೆಯ ಹಾದಿ. ಬೆನ್ನುಹುರಿಯ ಮುಂದಿನ ಮೂರನೇ ಎರಡು ಭಾಗಕ್ಕೆ ಮುಂಭಾಗದ ಸ್ಪೈನಲ್ ಆರ್ಟರಿಯಿಂದ ರಕ್ತ ಬರುತ್ತದೆ, ಹಿಂಭಾಗಕ್ಕೆ ಬೇರೆ ನಾಳಗಳಿವೆ. ಹಾಗಾಗಿ ಎಸ್‌ಎಸ್‌ಇಪಿ ಕೊನೆಯವರೆಗೂ ಚೆನ್ನಾಗಿಯೇ ಇದ್ದು, ಎದ್ದ ರೋಗಿಗೆ ಕಾಲು ಆಡದೆ ಇರುವ ಸಾಧ್ಯತೆ ಉಂಟು. ಒಂದನ್ನೇ ನಂಬಿ ಕೂರಬೇಡಿ.

ಹಿಂದಿನ ದಿನ

ಮೂರ್ಛೆರೋಗ, ಪೇಸ್‌ಮೇಕರ್, ಕಾಕ್ಲಿಯರ್ ಇಂಪ್ಲಾಂಟ್, ತಲೆಬುರುಡೆಯಲ್ಲಿ ಮೂಳೆ ಇಲ್ಲದ ಜಾಗ, ಮೆದುಳಿನ ನೀರು ಹರಿಸುವ ಶಂಟ್ ನಳಿಕೆ: ಇವು ಇವೆಯೇ ಎಂದು ಕೇಳಿ ಬರೆದಿಟ್ಟುಕೊಳ್ಳಿ. ಇದ್ದರೆ ಎಂಇಪಿ ಮಾಡಬೇಕೇ, ಹೇಗೆ ಮಾಡಬೇಕು ಎಂಬುದು ತಂಡದ ತೀರ್ಮಾನ. ಕಾಲಿನ ಶಕ್ತಿ ಈಗಾಗಲೇ ಕಡಿಮೆ ಇದೆಯೇ ನೋಡಿ. ದುರ್ಬಲ ಕಾಲಿನಿಂದ ದೊಡ್ಡ ಸಿಗ್ನಲ್ ಬರುವುದಿಲ್ಲ, ಅದನ್ನು ಓಟಿಯಲ್ಲಿ ಕಂಡು ಗಾಬರಿಯಾಗಬಾರದು. ನಡುವೆ ಎಬ್ಬಿಸಿ ನೋಡುವ ಪರೀಕ್ಷೆ ಬೇಕಾದೀತು ಎಂದು ರೋಗಿಗೆ ಮೊದಲೇ ಹೇಳಿ, ಆದೇಶಗಳನ್ನು ಅವರ ಮನೆಮಾತಿನಲ್ಲೇ ಅಭ್ಯಾಸ ಮಾಡಿಸಿ. ಮನೆಯಲ್ಲಿ ತುಳು ಅಥವಾ ಉರ್ದು ಆಡುವ ಮಗುವಿಗೆ ಅರೆಎಚ್ಚರದಲ್ಲಿ ಇಂಗ್ಲಿಷ್ ಆದೇಶ ತಲೆಗೆ ಹೋಗುವುದಿಲ್ಲ.

ಅನಸ್ತೀಶಿಯಾದವರ ಜೊತೆಗಿನ ಮಾತೂ ಆವತ್ತೇ ಮುಗಿಯಲಿ. ನಿದ್ದೆಗೆ ಪ್ರೊಪೊಫಾಲ್ ಇನ್‌ಫ್ಯೂಷನ್, ಸಾಮಾನ್ಯವಾಗಿ ಕೆಜಿಗೆ ನಿಮಿಷಕ್ಕೆ 100ರಿಂದ 150 ಮೈಕ್ರೋಗ್ರಾಂ, ಜೊತೆಗೆ ನೋವಿಗೆ ಓಪಿಯಾಯ್ಡ್ ಇನ್‌ಫ್ಯೂಷನ್. ಅರಿವಳಿಕೆಯ ಗ್ಯಾಸ್ ಬೇಡವೇ ಬೇಡ ಎಂದರೆ ಒಳ್ಳೆಯದು, ಕೊಡಲೇಬೇಕಾದರೆ ಅರ್ಧ ಮ್ಯಾಕ್‌ಗಿಂತ (ಮ್ಯಾಕ್ ಎಂದರೆ ಆ ಗ್ಯಾಸಿನ ಪ್ರಮಾಣದ ಅಳತೆ) ಕೆಳಗೆ. ನೈಟ್ರಸ್ ಆಕ್ಸೈಡ್ ಬೇಡ. ಉಸಿರಿನ ಟ್ಯೂಬ್ ಹಾಕಲು ಕೊಟ್ಟ ರಿಲ್ಯಾಕ್ಸಂಟ್ (ಸ್ನಾಯು ಸಡಿಲಿಸುವ ಔಷಧ) ಬಿಟ್ಟರೆ ಮತ್ತೆ ಕೊಡಬಾರದು. ನರಕ್ಕೆ ನಾಲ್ಕು ಪಲ್ಸ್ ಕೊಟ್ಟು ಸ್ನಾಯುವಿನ ಮಿಡಿತ ಎಣಿಸುವ ಟ್ರೇನ್ ಆಫ್ ಫೋರ್‌ನಲ್ಲಿ ನಾಲ್ಕಕ್ಕೆ ನಾಲ್ಕೂ ಬಂದ ಮೇಲೆಯೇ ಎಂಇಪಿಯ ಬೇಸ್‌ಲೈನ್, ಅಂದರೆ ಮುಂದೆ ಹೋಲಿಸಲು ಇಡುವ ಮೊದಲ ಸಿಗ್ನಲ್.

ಸೂಜಿ, ವೈರ್, ಬಾಯಿ

ಮೂಗಿನ ಬುಡದಿಂದ ತಲೆಯ ಹಿಂಭಾಗದ ಉಬ್ಬಿನವರೆಗೆ ಟೇಪಿನಲ್ಲಿ ಅಳೆಯಿರಿ. 36 ಸೆಂಟಿಮೀಟರ್ ಬಂದರೆ 18ರಲ್ಲಿ ಸಿಝಡ್, ಅಂದರೆ ನೆತ್ತಿಯ ನಡುಬಿಂದು. ಕಿವಿಯ ಮುಂಭಾಗದಿಂದ ಇನ್ನೊಂದು ಕಿವಿಯ ಮುಂಭಾಗಕ್ಕೆ ಸಿಝಡ್ ಮೇಲಾಗಿ ಅಳೆದು, ಅದರ ಶೇ. 20ರಷ್ಟು ಎಡಕ್ಕೆ ಹೋದರೆ ಸಿ3, ಬಲಕ್ಕೆ ಹೋದರೆ ಸಿ4. ಎಂಇಪಿಯ ಸುರುಳಿ ಸೂಜಿಗಳು ಸಿ3, ಸಿ4ರಲ್ಲಿ. ಎಸ್‌ಎಸ್‌ಇಪಿ ಹಿಡಿಯುವ ಸೂಜಿಗಳು ಈ ಮೂರೂ ಜಾಗಗಳಿಂದ 2 ಸೆಂಟಿಮೀಟರ್ ಹಿಂದೆ, ರೆಫರೆನ್ಸ್ ಹಣೆಯ ಮೇಲೆ. ನೆತ್ತಿ ಇನ್ನೂ ಮುಚ್ಚದ ಕೂಸುಗಳಿಗೆ ಸುರುಳಿ ಸೂಜಿ ಬೇಡ.

ಕಣಕಾಲಿನ ಒಳಬದಿಯ ಉಬ್ಬು ಮೂಳೆ ಮತ್ತು ಹಿಮ್ಮಡಿಯ ದಪ್ಪ ಸ್ನಾಯುರಜ್ಜುವಿನ ನಡುವೆ ಟಿಬಿಯಲ್ ನರವಿದೆ. ಅದರ ಮೇಲೆ ಕ್ಯಾಥೋಡ್, 2-3 ಸೆಂಟಿಮೀಟರ್ ಕೆಳಗೆ ಆನೋಡ್. ಮಂಡಿಯ ಹಿಂದಿನ ಕುಳಿಯಲ್ಲೂ ಒಂದು ಚಾನೆಲ್ ಇಡಿ. ತಲೆಯ ಸಿಗ್ನಲ್ ಮಾಯವಾದಾಗ ಕರೆಂಟ್ ನರದೊಳಗೆ ಹೋಗುತ್ತಿದೆಯೋ ಇಲ್ಲವೋ ಎಂದು ಅದೇ ಹೇಳುತ್ತದೆ. ಕೈಗೆ ಮಣಿಕಟ್ಟಿನಲ್ಲಿ ಅಲ್ನಾರ್ ಅಥವಾ ಮೀಡಿಯನ್ ನರ. ಎಂಇಪಿಗೆ ಕಾಲಿನಲ್ಲಿ ಟಿಬಿಯಾಲಿಸ್ ಆಂಟೀರಿಯರ್ (ಮೊಣಕಾಲ ಕೆಳಗಿನ ಮುಂಭಾಗದ ಸ್ನಾಯು) ಮತ್ತು ಅಬ್ಡಕ್ಟರ್ ಹ್ಯಾಲುಸಿಸ್ (ಪಾದದ ಒಳಬದಿಯ ಸ್ನಾಯು), ಕೈಯಲ್ಲಿ ಹೆಬ್ಬೆರಳಿನ ಬುಡದ ಸ್ನಾಯು.

ಇಂಪೆಡೆನ್ಸ್ (ಸೂಜಿಯಲ್ಲಿ ಕರೆಂಟಿಗೆ ಬರುವ ತಡೆ) 5 ಕಿಲೋಓಮ್‌ಗಿಂತ ಕಡಿಮೆ ಇರಲಿ, ಜೋಡಿಯ ಎರಡೂ ಸೂಜಿಗಳದ್ದು ಹತ್ತಿರ ಹತ್ತಿರ ಇರಲಿ. ಜೋಡಿ ವೈರ್‌ಗಳನ್ನು ಜಡೆ ಹೆಣೆದ ಹಾಗೆ ಸುತ್ತಿ. ಎಡ ಬಲ ಅದಲುಬದಲಾಗುವುದು ತೀರಾ ಸಾಮಾನ್ಯ, ರೋಗಿಯನ್ನು ಕವುಚಿದ ಮೇಲಂತೂ ಇನ್ನೂ ಸುಲಭ. ಎಡ ಹಿಮ್ಮಡಿಗೆ ಕರೆಂಟ್ ಕೊಟ್ಟರೆ ಎಡ ಮಂಡಿಯಲ್ಲೇ ಉತ್ತರ ಬರಬೇಕು. ಸಿ3 ಆನೋಡ್ ಆದಾಗ ಬಲಗೈ, ಬಲಗಾಲು ಏಳಬೇಕು.

ಬಾಯಿಯ ವಿಷಯದಲ್ಲಿ ಉದಾಸೀನ ಬೇಡ. ಎಂಇಪಿ ಕೊಟ್ಟಾಗ ದವಡೆ ಬಿಗಿಯಾಗಿ ಕಚ್ಚುತ್ತದೆ, ಈ ವಿಧಾನದಲ್ಲಿ ಹೆಚ್ಚಾಗಿ ಆಗುವ ಗಾಯ ನಾಲಿಗೆಯದ್ದೇ. ಗಾಜ್ ಗಟ್ಟಿಯಾಗಿ ಸುರುಳಿ ಸುತ್ತಿ ಎರಡೂ ಬದಿಯ ದವಡೆ ಹಲ್ಲುಗಳ ನಡುವೆ ಇಡಿ. ಒಂದೇ ಬದಿಗೆ ಇಟ್ಟರೆ ಸಾಲದು. ಕವುಚಿದ ಮೇಲೆ ಬ್ಯಾಟರಿ ಹಿಡಿದು ಮತ್ತೊಮ್ಮೆ ನೋಡಿ, ತಿರುಗಿಸುವಾಗ ಗಾಜ್ ಜಾರಿರುತ್ತದೆ, ನಾಲಿಗೆ ಹಲ್ಲುಗಳ ನಡುವೆ ಬಂದಿರುತ್ತದೆ.

ಸೆಟ್ಟಿಂಗ್

ಎಸ್‌ಎಸ್‌ಇಪಿ: ಪಲ್ಸ್ ಅಗಲ 0.2ರಿಂದ 0.3 ಮಿಲಿಸೆಕೆಂಡ್, ಕರೆಂಟ್ 20ರಿಂದ 40 ಮಿಲಿಆಂಪಿಯರ್, ಫಿಲ್ಟರ್ 30ರಿಂದ 300 ಹರ್ಟ್ಸ್. ದರ 4.7 ಹರ್ಟ್ಸ್ ಇಡಿ, 5 ಇಡಬೇಡಿ. ಗೋಡೆಯ ಪ್ಲಗ್ಗಿನಲ್ಲಿ ಬರುವ ಕರೆಂಟ್ 50 ಹರ್ಟ್ಸ್, ಅದು 5ರಿಂದ ಸರಿಯಾಗಿ ಭಾಗವಾಗುತ್ತದೆ. ಆಗ ಪ್ರತಿ ಪಲ್ಸ್‌ನಲ್ಲೂ ಅದರ ವಿದ್ಯುತ್ ಗಲಾಟೆ ಒಂದೇ ಜಾಗಕ್ಕೆ ಬಿದ್ದು, ಸರಾಸರಿ ತೆಗೆದಷ್ಟೂ ಅಳಿಯದೆ ಉಳಿಯುತ್ತದೆ. 4.7ರಲ್ಲಿ 300 ಪಲ್ಸ್‌ಗಳ ಸರಾಸರಿಗೆ ಒಂದು ನಿಮಿಷ ದಾಟುತ್ತದೆ. ಅಂದರೆ ಪರದೆಯ ಮೇಲೆ ಕಾಣುತ್ತಿರುವುದು ಕಳೆದ ನಿಮಿಷದ ಸುದ್ದಿ.

ಎಂಇಪಿ: 5ರಿಂದ 7 ಪಲ್ಸ್‌ಗಳ ಸರಣಿ, ನಡುವೆ 2ರಿಂದ 4 ಮಿಲಿಸೆಕೆಂಡ್ ಅಂತರ. ಕಡಿಮೆ ವೋಲ್ಟಿನಿಂದ ಶುರುಮಾಡಿ 50 ವೋಲ್ಟಿನಂತೆ ಏರಿಸುತ್ತಾ ಕಾಲಿನ ಸ್ನಾಯುಗಳು ಸ್ಥಿರವಾಗಿ ಏಳುವ ಮಟ್ಟದಲ್ಲಿ ನಿಲ್ಲಿಸಿ. ಪ್ರತಿ ಸಲವೂ ಒತ್ತುವ ಮೊದಲು “ಸರ್, ಎಂಇಪಿ ಕೊಡ್ತಿದೀನಿ” ಎಂದು ಹೇಳಿ, ಅವರು ಕೈ ತೆಗೆದ ಮೇಲೆ ಒತ್ತಿ. ರೋಗಿ ಅಲುಗುತ್ತಾರೆ, ಸರ್ಜನ್ ಕೈಯಲ್ಲಿ ಚೂಪಾದ ಉಪಕರಣ ಬೆನ್ನುಹುರಿಯ ಹತ್ತಿರ ಇರಬಹುದು.

ಬೇಸ್‌ಲೈನ್ ಕವುಚುವ ಮೊದಲು ಒಂದು, ಕವುಚಿದ ಮೇಲೆ ಒಂದು, ಮೂಳೆ ಬಿಡಿಸಿದ ಮೇಲೆ ಸ್ಕ್ರೂಗೆ ಮುಂಚೆ ಇನ್ನೊಂದು ತೆಗೆದಿಡಿ.

ಕೈಯ ಸಿಗ್ನಲ್ ಏಕೆ ಬೇಕು

ಸ್ಕ್ರೂ ಹಾಕುವುದು ಎದೆ, ಸೊಂಟದ ಭಾಗಕ್ಕೆ, ಕೈಯದ್ದೇಕೆ ಎಂದು ಹೊಸಬರು ಚಾನೆಲ್ ಉಳಿಸಲು ಹೋಗುತ್ತಾರೆ. ಕೈ ಇಲ್ಲದಿದ್ದರೆ ಕಾಲಿನ ಸಿಗ್ನಲ್ ಬಿದ್ದದ್ದಕ್ಕೆ ಅರ್ಥವೇ ಹೇಳಲಾಗದು. ಕೈಯ ಹಾದಿ ಸರ್ಜರಿಯ ಜಾಗಕ್ಕಿಂತ ಮೇಲೆಯೇ ಮುಗಿಯುತ್ತದೆ, ಆದರೆ ಔಷಧ, ಬಿಪಿ, ಮೈಬಿಸಿ ಅದನ್ನೂ ತಟ್ಟುತ್ತವೆ.

ಕೈ ಕಾಲು ಎರಡರ ಎಂಇಪಿಯೂ ಒಟ್ಟಿಗೆ ಕುಗ್ಗಿದರೆ ಮೊದಲು ಅನಸ್ತೀಶಿಯಾ ಕಡೆ ತಿರುಗಿ: ಪ್ರೊಪೊಫಾಲ್ ಬೋಲಸ್ ಹೋಯಿತೇ, ಗ್ಯಾಸ್ ತೆರೆದಿದೆಯೇ, ಬಿಪಿ ಇಳಿದಿದೆಯೇ. ಎಂಇಪಿ ಎಲ್ಲ ಕಡೆಯೂ ಹೋಗಿ ಎಸ್‌ಎಸ್‌ಇಪಿ ಮಾತ್ರ ಮೊದಲಿಗಿಂತ ಸ್ವಚ್ಛವಾಗಿ ಕಂಡರೆ ಯಾರೋ ರಿಲ್ಯಾಕ್ಸಂಟ್ ಕೊಟ್ಟಿದ್ದಾರೆ ಎಂದೇ ಅನುಮಾನಿಸಿ. ಸ್ನಾಯುವಿನ ಗಲಾಟೆ ನಿಂತದ್ದರಿಂದ ಎಸ್‌ಎಸ್‌ಇಪಿ ಚೆಂದವಾಗಿರುತ್ತದೆ. ಟ್ರೇನ್ ಆಫ್ ಫೋರ್ ನೋಡಿದರೆ ಗೊತ್ತಾಗುತ್ತದೆ. ಒಂದೇ ಕೈಯ ಎಸ್‌ಎಸ್‌ಇಪಿ ನಿಧಾನಕ್ಕೆ ಕುಗ್ಗಿದರೆ ಡ್ರೇಪ್ ಕೆಳಗೆ ಆ ತೋಳು ನೋಡಿ. ಭುಜ 90 ಡಿಗ್ರಿಗಿಂತ ಹೆಚ್ಚು ಎತ್ತಿರುತ್ತದೆ, ಇಲ್ಲವೇ ಮೊಣಕೈ ಒತ್ತಿಕೊಂಡಿರುತ್ತದೆ. ತೋಳು ಸರಿಪಡಿಸಿದರೆ ಸಾಮಾನ್ಯವಾಗಿ ಸಿಗ್ನಲ್ ಮರಳುತ್ತದೆ, ರೋಗಿಯ ತೋಳಿನ ನರವೂ ಉಳಿಯುತ್ತದೆ. ಕೈಯ ಸಿಗ್ನಲ್ ಗಟ್ಟಿಯಾಗಿದ್ದು ಕಾಲಿನದ್ದು ಮಾತ್ರ ಹೋದರೆ, ಬೇರೆ ಸಾಬೀತಾಗುವವರೆಗೆ ಅದು ಬೆನ್ನುಹುರಿಯ ತೊಂದರೆಯೇ.

ತಾಸುಗಟ್ಟಲೆ ನಡೆಯುವ ಸರ್ಜರಿಯಲ್ಲಿ ಎಂಇಪಿಗೆ ಬೇಕಾದ ವೋಲ್ಟ್ ಮೆಲ್ಲಗೆ ಏರುವುದು ಸಹಜ. ಕೈಗೂ ಕಾಲಿಗೂ ಸಮನಾಗಿ ಏರಿದರೆ ಅದು ಅರಿವಳಿಕೆಯದ್ದು.

ಗಲಾಟೆ ಬಂದರೆ ಒಂದೊಂದೇ ಪ್ಲಗ್ ತೆಗೆಸಿ ನೋಡಿ: ಬಿಸಿಗಾಳಿಯ ಹೊದಿಕೆ, ವಿದ್ಯುತ್ ಟೇಬಲ್, ಇನ್‌ಫ್ಯೂಷನ್ ಪಂಪ್, ಸಿ-ಆರ್ಮ್ ಎಕ್ಸ್‌ರೇ ಯಂತ್ರ. ಕಾಟರಿಯ (ಕರೆಂಟಿನಿಂದ ಸುಟ್ಟು ರಕ್ತ ನಿಲ್ಲಿಸುವ ಉಪಕರಣ) ಪ್ಲೇಟ್ ಸರಿಯಾಗಿ ಅಂಟಿರದಿದ್ದರೆ ಕರೆಂಟ್ ನಮ್ಮ ಸೂಜಿಗಳ ಮೂಲಕ ಹೊರಗೆ ಹೋಗಿ ಚರ್ಮ ಸುಡುತ್ತದೆ.

ಸೊಂಟದ ಸ್ಕ್ರೂಗಳಿಗೆ ಇಎಂಜಿ ಪರೀಕ್ಷೆ (ಸ್ಕ್ರೂಗೆ ಕರೆಂಟ್ ಕೊಟ್ಟು ಕಾಲಿನ ಸ್ನಾಯು ಏಳುತ್ತದೆಯೇ ನೋಡುವುದು) ಮಾಡುವಾಗ ಪ್ರೋಬ್ ಸ್ಕ್ರೂವಿನ ಒಳಗುಳಿಗೆ ತಾಗಲಿ, ಅಲುಗಾಡುವ ತಲೆಗಲ್ಲ. ಸುತ್ತ ನಿಂತ ರಕ್ತ, ಸಲೈನ್ ಹೀರಿಸಿ, ಇಲ್ಲದಿದ್ದರೆ ಕರೆಂಟ್ ಸೋರಿ ಸ್ಕ್ರೂ ಸುಳ್ಳೇ ಚೆನ್ನಾಗಿದೆ ಎನಿಸುತ್ತದೆ. ಸ್ನಾಯು ಏಳಲು 10 ಮಿಲಿಆಂಪಿಯರ್ ದಾಟಬೇಕಾದರೆ ನೆಮ್ಮದಿ. 6ಕ್ಕಿಂತ ಕೆಳಗೆ ಸ್ನಾಯು ಎದ್ದರೆ ಮೂಳೆಯ ಗೋಡೆ ಒಡೆದಿರಬಹುದು, ಸರ್ಜನ್ ಸ್ಕ್ರೂ ತೆಗೆದು ತಡವಿ ನೋಡಬೇಕು. ಎದೆಭಾಗದಲ್ಲಿ ಈ ಸಂಖ್ಯೆಗಳಿಗೆ ಅಷ್ಟು ಬೆಲೆ ಕೊಡಬೇಡಿ.

ಸಿಗ್ನಲ್ ಬಿದ್ದಾಗ

ಎಸ್‌ಎಸ್‌ಇಪಿಗೆ ಒಪ್ಪಿತ ಗಡಿ ಎತ್ತರದಲ್ಲಿ ಶೇ. 50 ಇಳಿಕೆ ಅಥವಾ ಸಮಯದಲ್ಲಿ ಶೇ. 10 ತಡ. ಎಂಇಪಿಗೆ ಎಲ್ಲರದ್ದೂ ಒಂದೇ ಅಲ್ಲ: ಪೂರ್ತಿ ಮಾಯವಾಗುವುದು, ಶೇ. 80 ಇಳಿಯುವುದು, 100 ವೋಲ್ಟ್ ಹೆಚ್ಚು ಬೇಕಾಗುವುದು. ಯಾವುದು ನಿಮ್ಮದು ಎಂದು ಕತ್ತಿ ಹಾಕುವ ಮೊದಲೇ ಸರ್ಜನ್ ಜೊತೆ ತೀರ್ಮಾನಿಸಿ.

ರಾಡ್ ತಿರುಗಿಸಿದ್ದಾರೆ, ಎಂಇಪಿ ಒತ್ತಿದ್ದೀರಿ, ಕಾಲುಗಳ ಗೆರೆ ಚಪ್ಪಟೆ. ಇನ್ನೊಮ್ಮೆ ಒತ್ತಿ ಖಚಿತಪಡಿಸಿಕೊಳ್ಳಿ, ಅಷ್ಟೇ. ಕಾಲು ಗಂಟೆ ವೈರ್ ಹುಡುಕಿ ಆಮೇಲೆ ಹೇಳುವಂತಿಲ್ಲ. ಹೇಳುವಾಗ ಮೂರೂ ಒಂದೇ ಮಾತಿನಲ್ಲಿ ಬರಲಿ: “ಸರ್, ಎರಡೂ ಕಾಲಿನ ಎಂಇಪಿ ಹೋಗಿದೆ, ಕೈಯದು ಸರಿ ಇದೆ, ರಾಡ್ ತಿರುಗಿಸಿದ ಮೇಲೆ ಹೋದದ್ದು.” ಏನು ಹೋಯಿತು, ಏನು ಉಳಿದಿದೆ, ಯಾವಾಗ.

ಆಮೇಲೆ ಮೂರು ಕಡೆ ಒಟ್ಟಿಗೆ ಕೆಲಸ. ನೀವು ಸೂಜಿ, ಕನೆಕ್ಷನ್, ಟ್ರೇನ್ ಆಫ್ ಫೋರ್ ನೋಡಿ, ವೋಲ್ಟ್ ಏರಿಸಿ ಪ್ರಯತ್ನಿಸಿ. ಅನಸ್ತೀಶಿಯಾದವರು ಸರಾಸರಿ ಬಿಪಿಯನ್ನು 85ರ ಮೇಲಕ್ಕೆ ಏರಿಸಿ, ಆಕ್ಸಿಜನ್ ಶೇ. 100 ಮಾಡಿ, ಹಿಮೋಗ್ಲೋಬಿನ್, ರಕ್ತದ ಗ್ಯಾಸ್, ಮೈಬಿಸಿ ನೋಡುತ್ತಾರೆ. ಸರ್ಜನ್ ಕೊನೆಯ ಹೆಜ್ಜೆಯನ್ನು ಹಿಂದಕ್ಕೆ ತೆಗೆಯುತ್ತಾರೆ: ಎಳೆತದ ತೂಕ ಇಳಿಸುವುದು, ರಾಡ್ ಸಡಿಲಿಸುವುದು, ಸ್ಕ್ರೂಗಳನ್ನು ಎಕ್ಸ್‌ರೇಯಲ್ಲಿ ನೋಡುವುದು. ಪ್ರತಿ ಹೆಜ್ಜೆಗೂ ಗಡಿಯಾರದ ಸಮಯ ಬರೆಯಿರಿ.

ಸಿಗ್ನಲ್ ಮರಳದಿದ್ದರೆ ಎಬ್ಬಿಸಿ ನೋಡುವ ಪರೀಕ್ಷೆ. 1973ರಲ್ಲಿ ಫ್ರಾನ್ಸಿನ ವೋಝೆಲ್, ಸ್ಟಾಗ್ನಾರಾ ಮತ್ತು ಸಂಗಡಿಗರು ಇದನ್ನು ಪ್ರಕಟಿಸಿದರು, ಈಗಲೂ ಬಿಡುವ ಹಾಗಿಲ್ಲ. ತಲೆ ಮತ್ತು ಟ್ಯೂಬ್ ಹಿಡಿಯಲು ಒಬ್ಬರು ಇರಲಿ, ತಟ್ಟನೆ ಎದ್ದರೆ ಟ್ಯೂಬ್ ಕಳಚೀತು. ಮೊದಲು “ನನ್ನ ಕೈ ಗಟ್ಟಿಯಾಗಿ ಹಿಡಿ ಪುಟ್ಟಾ” ಎನ್ನಿ. ಹಿಡಿದರೆ ಮಾತು ಕೇಳಿಸಿದೆ ಎಂದಾಯಿತು. ಆಮೇಲೆ “ಕಾಲ್ಬೆರಳು ಆಡಿಸು.” ಕೈ ಹಿಡಿಯದ ರೋಗಿಯ ಕಾಲು ಆಡದಿದ್ದರೆ ಅದರಿಂದ ಏನೂ ತಿಳಿಯುವುದಿಲ್ಲ, ಇನ್ನಷ್ಟು ಎಚ್ಚರವಾಗಲು ಬಿಡಿ.

ರಾಡ್ ಬಿಗಿಯಾದ ಮೇಲೆ ಯಂತ್ರ ಆರಿಸಬೇಡಿ. ಸಿಗ್ನಲ್ ತಡವಾಗಿ ಬೀಳುವುದೂ ಉಂಟು, ಗಾಯ ಹೊಲಿಯುವ ತನಕ ಎಂಇಪಿ ನಡೆಯಲಿ. ಕೊನೆಗೆ ಗಾಜ್ ತೆಗೆದು ನಾಲಿಗೆ, ತುಟಿ ನೋಡಿ ಬರೆಯಿರಿ. ಸೂಜಿಗಳನ್ನು ಒಂದೊಂದಾಗಿ ತೆಗೆದು ನೇರವಾಗಿ ಶಾರ್ಪ್ಸ್ ಡಬ್ಬಿಗೆ ಹಾಕುತ್ತಾ ಎಣಿಸಿ. ಹಾಕಿದ ಲೆಕ್ಕಕ್ಕೆ ತಾಳೆಯಾಗುವವರೆಗೆ ಡ್ರೇಪ್ ಮಡಚಲು, ರೋಗಿಯನ್ನು ಸ್ಟ್ರೆಚರ್‌ಗೆ ಬದಲಿಸಲು ಬಿಡಬೇಡಿ.